ಎರಡು ಬೀಗದ ಕಪಾಟಿನ ಬೀಗದಮ್ಮ

ಬೆಳಕು ಇನ್ನೂ ಸರಿಯಾಗಿ ಹರಿದಿಲ್ಲ. ಆಸ್ಪತ್ರೆಯ ನೆಲಮಾಳಿಗೆಯ ಔಷಧ ಉಗ್ರಾಣದಲ್ಲಿ, ಗೋಡೆಯೊಳಗೆ ಹುದುಗಿಸಿದ ಕಬ್ಬಿಣದ ಕಪಾಟಿನ ಮುಂದೆ ಇಬ್ಬರು ನಿಂತಿದ್ದಾರೆ. ಕಪಾಟಿಗೆ ಎರಡು ಬೀಗ. ಒಂದರ ಕೀಲಿ ಫಾರ್ಮಸಿಸ್ಟ್ ಅಮ್ಮನ ಸೊಂಟದಲ್ಲಿ, ಇನ್ನೊಂದು ಪಾಳಿಯ ಮುಖ್ಯ ನರ್ಸ್ ಹತ್ತಿರ. ಒಬ್ಬರೇ ತಿಪ್ಪರಲಾಗ ಹಾಕಿದರೂ ಬಾಗಿಲು ತೆರೆಯುವುದಿಲ್ಲ. ಒಳಗಿರುವುದು ಮಾರ್ಫಿನ್. ನೋವಿನಲ್ಲಿ ಒದ್ದಾಡುವವರಿಗೆ ಅದು ಹೋದ ಜೀವ ಮರಳಿದಂತೆ, ಚಟಕ್ಕೆ ಬಿದ್ದವರ ಕೈಗೆ ಸಿಕ್ಕರೆ ವಿಷ.

ನರ್ಸ್ ಖಾಲಿ ಆಂಪೂಲ್‌ಗಳ, ಅಂದರೆ ಮದ್ದಿನ ಪುಟ್ಟ ಗಾಜಿನ ಸೀಸೆಗಳ, ಟ್ರೇ ಮುಂದಿಡುತ್ತಾರೆ. ಖಾಲಿ ಗಾಜು ಎಷ್ಟು ಬಂದಿದೆಯೋ ಅಷ್ಟೇ ತುಂಬಿದ ಗಾಜು ಹೊರಗೆ ಹೋಗುತ್ತದೆ. ಒಂದು ಸಿರಿಂಜಿನಲ್ಲಿ ಸ್ವಲ್ಪ ಔಷಧ ಉಳಿದಿದೆ. ಅದನ್ನು ಇಬ್ಬರ ಕಣ್ಣೆದುರೇ ಚೆಲ್ಲಬೇಕು. ಚೆಲ್ಲಿದ ಮೇಲೆ ಒಬ್ಬರು "ಕಂಡೆ" ಅನ್ನುತ್ತಾರೆ, ಇನ್ನೊಬ್ಬರೂ "ಕಂಡೆ" ಅನ್ನುತ್ತಾರೆ.

"ಹೂಂ ಅನ್ನೋ ಹಾಗಿಲ್ಲ. ಹೂಂ ಅನ್ನೋಕೆ ಕಣ್ಣು ಬೇಕಾಗಿಲ್ಲ ನೋಡಿ, ನಿದ್ದೇಲೂ ಅನ್ನಬಹುದು. ಇದು ನಮ್ಮ ದೊಡ್ಡಕ್ಕ ಮಾಡಿದ ಕಾನೂನು" ಎಂದು ನಗುತ್ತಾರೆ ಫಾರ್ಮಸಿಸ್ಟ್. ಆಸ್ಪತ್ರೆಗೆಲ್ಲ ಇವರು ಬೀಗದಮ್ಮ. ಈ ಅಭ್ಯಾಸ ಮನೆಗೂ ಹೊಕ್ಕಿದೆ. ಒಡೆದ ಹಾಲು ಚೆಲ್ಲುವಾಗಲೂ ಗಂಡನನ್ನು ಕೂಗುತ್ತಾರಂತೆ. "ಅವರು ಪೇಪರ್‌ನಿಂದ ತಲೆ ಎತ್ತದೆ 'ಕಂಡೆ' ಅಂತಾರೆ. ಅಪ್ಪಟ ಸುಳ್ಳುಸಾಕ್ಷಿ!"

ದೊಡ್ಡಕ್ಕನ ಹೆಸರೆತ್ತಿದರೆ ಬೀಗದಮ್ಮನ ಮುಖ ಅರಳುತ್ತದೆ. ಆ ಹಿರಿಯ ನರ್ಸ್ ವರ್ಷಗಟ್ಟಲೆ ಇನ್ನೊಂದು ಕೀಲಿ ಹಿಡಿದವರು. ಆಗ ಉಗ್ರಾಣದಲ್ಲಿ ಫ್ಯಾನ್ ಕೂಡ ಇರಲಿಲ್ಲ. ದೊಡ್ಡಕ್ಕ ರಟ್ಟಿನ ತುಂಡಿನಿಂದ ಗಾಳಿ ಬೀಸಿಕೊಳ್ಳುತ್ತ, ವಾರ್ಡಿನ ಡಾಕ್ಟರುಗಳ ದನಿಯನ್ನು ಥೇಟ್ ಹಾಗೇ ಅನುಕರಿಸಿ ನಗಿಸುತ್ತಿದ್ದರಂತೆ.

ಆ ನಗು ಒಮ್ಮೆ ನಿಂತೂ ಹೋಗಿತ್ತು. ಮೈ ಸುಟ್ಟುಕೊಂಡ ಮಗುವೊಂದರ ಕೂಗು ಕೇಳಿ ಓಡುವಾಗ, ದೊಡ್ಡಕ್ಕ ಕೈಯಲ್ಲಿದ್ದ ಆಂಪೂಲನ್ನು ಏಪ್ರನ್ ಜೇಬಿಗೆ ಹಾಕಿಕೊಂಡು ಮರೆತರು. ಅದು ಏಪ್ರನ್ ಜೊತೆ ಮನೆಗೆ ಹೋಯಿತು. ಇತ್ತ ಲೆಕ್ಕದಲ್ಲಿ ಒಂದು ಕಡಿಮೆ. ಬೀಗದಮ್ಮ ಗೆಳತಿಯೆಂದು ಮುಲಾಜು ನೋಡಲಿಲ್ಲ, ಆ ಆಂಪೂಲು ಕೊನೆಯದಾಗಿ ಯಾರ ಕೈಯಲ್ಲಿತ್ತೋ ಅವರ ಹೆಸರನ್ನೇ ಲೆಕ್ಕದ ಪುಸ್ತಕದಲ್ಲಿ ಬರೆದರು. ದೊಡ್ಡಕ್ಕ ಒದ್ದೆ ತಲೆಯಲ್ಲೇ ಓಡಿಬಂದು ಆಂಪೂಲನ್ನು ಒಪ್ಪಿಸುವಷ್ಟರಲ್ಲಿ ದೂರು ಹೋಗಿ ಪೊಲೀಸರು ಬಂದಾಗಿತ್ತು. ಆಂಪೂಲು ಒಡೆಯದೆ ಮರಳಿದ್ದರಿಂದ ಕೀಲಿ ದೊಡ್ಡಕ್ಕನ ಬಳಿಯೇ ಉಳಿಯಿತು, ಆದರೆ ವಿಚಾರಣೆ ತಿಂಗಳುಗಟ್ಟಲೆ ಎಳೆಯಿತು.

"ಅಷ್ಟೂ ದಿನ ನನ್ನ ಹತ್ರ ಮಾತು ಬಿಟ್ಟಿದ್ರು. ಬೆಳಿಗ್ಗೆ ಬರೋರು, ಬೀಗ ತೆಗೆಯೋರು, 'ಕಂಡೆ' ಅನ್ನೋರು, ಹೋಗೋರು. ಆ ಒಂದು ಮಾತು ಕೇಳೋಕೆ ನಾನು ರಜಾನೂ ಹಾಕ್ತಿರಲಿಲ್ಲ" ಎನ್ನುತ್ತಾರೆ ಬೀಗದಮ್ಮ. ಕೊನೆಗೊಂದು ದಿನ ದೊಡ್ಡಕ್ಕನೇ, "ಮುಖ ಊದಿಸ್ಕೊಂಡು ನನಗೂ ಸಾಕಾಯ್ತು, ಬಾ, ಕಾಫಿ ಕುಡಿಯೋಣ" ಅಂದರಂತೆ.

ಈಗ ದೊಡ್ಡಕ್ಕ ನಿವೃತ್ತರು. ಬೆನ್ನುಮೂಳೆಗೆ ಹಬ್ಬಿದ ಕ್ಯಾನ್ಸರ್‌ನಿಂದ ಹಾಸಿಗೆ ಹಿಡಿದಿದ್ದಾರೆ. ಅವರು ನುಂಗುವ ಮಾರ್ಫಿನ್ ಮಾತ್ರೆಯೂ ಇದೇ ಕಪಾಟಿನಿಂದ ಹೋಗಬೇಕು. ಮಗಳು ವಾರಕ್ಕೊಮ್ಮೆ ಮಾತ್ರೆ ಮುಗಿದ ಖಾಲಿ ಸ್ಟ್ರಿಪ್ ತಂದೊಪ್ಪಿಸಿ ಹೊಸದು ಒಯ್ಯುತ್ತಾರೆ. ಅಂಥ ಮನೆಗಳು ಊರಲ್ಲಿ ಇನ್ನೂ ಹಲವಿವೆ.

ಬೀಗದಮ್ಮನ ನಿವೃತ್ತಿಗೆ ಉಳಿದಿರುವುದು ಒಂದೇ ತಿಂಗಳು. ಅವರ ಕೀಲಿಗೆ ಕೈಯೊಡ್ಡುವವರಿಲ್ಲ. ಹೊಣೆ ಹೊರುವ ಫಾರ್ಮಸಿಸ್ಟ್ ಇಲ್ಲದಿದ್ದರೆ ಮಾರ್ಫಿನ್ ಇಡಲು ಆಸ್ಪತ್ರೆಗಿರುವ ಪರವಾನಗಿಯೇ ಹೋಗುತ್ತದೆ. ಆಮೇಲೆ ಮಾತ್ರೆಗಾಗಿ ಇಡೀ ದಿನದ ಬಸ್ ಪ್ರಯಾಣ. ಉಳಿದಿರುವ ಫಾರ್ಮಸಿಸ್ಟ್ ಒಬ್ಬರೇ, ಹೊರರೋಗಿ ವಿಭಾಗದವರು. ಕೇಳಿದಾಗಲೆಲ್ಲ ಅವರದು ಒಂದೇ ಉತ್ತರ: "ಬೇಡ ಮೇಡಂ, ಒಂದು ಗಾಜು ಕಾಣೆಯಾದ್ರೆ ನನ್ನ ಸಂಸಾರ ಬೀದಿಗೆ ಬರುತ್ತೆ."

ಭಾನುವಾರ ಬೀಗದಮ್ಮ ಆ ಫಾರ್ಮಸಿಸ್ಟರನ್ನು ಹೇಗೋ ಹೊರಡಿಸಿಕೊಂಡು ದೊಡ್ಡಕ್ಕನ ಮನೆಗೆ ಬರುತ್ತಾರೆ. ಕೀಲಿಯ ಮಾತೇ ಎತ್ತುವುದಿಲ್ಲ. ದಿಂಬಿಗೊರಗಿದ ದೊಡ್ಡಕ್ಕ, ಮಾತ್ರೆ ನೋವನ್ನು ಹಿಡಿದಿಟ್ಟಿರುವುದರಿಂದ, ಸಲೀಸಾಗಿ ಮಾತಾಡುತ್ತಿದ್ದಾರೆ. ಜೊತೆ ಬಂದ ಫಾರ್ಮಸಿಸ್ಟ್ ತಡೆಯಲಾರದೆ ಕೇಳಿಬಿಡುತ್ತಾರೆ: "ಲೆಕ್ಕ ತಪ್ಪಿದ್ರೆ ಏನ್ ಮಾಡ್ಲಿ, ಅಕ್ಕಾ?"

"ತಪ್ಪಿದ್ರೆ ತಪ್ಪಿದೆ ಅಂತ ಬರಿ. ಇವಳು ನನ್ನ ಹೆಸರನ್ನೇ ಬರೆದಳು. ನಾನೇನು ಸತ್ತೋದ್ನಾ?" ದೊಡ್ಡಕ್ಕ ನಗುತ್ತಾರೆ. "ಅವತ್ತು ಇವಳು ಮುಚ್ಚಿ ಹಾಕಿದ್ರೆ ಆ ಕಪಾಟನ್ನ ಯಾರು ನಂಬ್ತಿದ್ರು? ಇವತ್ತು ನನಗೆ ಈ ಮಾತ್ರೆ ಎಲ್ಲಿಂದ ಬರ್ತಿತ್ತು?"

ಇಷ್ಟು ವರ್ಷ ಈ ಮಾತು ದೊಡ್ಡಕ್ಕನ ಬಾಯಿಂದ ಬಂದಿರಲಿಲ್ಲ. ಬೀಗದಮ್ಮ ಸೆರಗಿನಿಂದ ಕಣ್ಣೊತ್ತಿಕೊಳ್ಳುತ್ತಾರೆ. ಫಾರ್ಮಸಿಸ್ಟ್ ಕೂತಲ್ಲೇ ಚಡಪಡಿಸುತ್ತಾರೆ, ಗಡಿಯಾರ ನೋಡುತ್ತಾರೆ, ಕಾಫಿ ಲೋಟ ಕೆಳಗಿಡುತ್ತಾರೆ.

"ನಾಳೆ ಕಪಾಟಿನ ಹತ್ರ ಎಷ್ಟು ಹೊತ್ತಿಗೆ ಬರ್ಲಿ, ಮೇಡಂ?"

ಬೀಗದಮ್ಮ ಇನ್ನೂ ಕಣ್ಣೊರೆಸಿಕೊಳ್ಳುತ್ತಿದ್ದಾರೆ. ಹಾಸಿಗೆಯಿಂದಲೇ ಉತ್ತರ ಬರುತ್ತದೆ: "ಆರಕ್ಕೆ ಬಾಪ್ಪಾ. ಇವಳು ಅದಕ್ಕೂ ಮುಂಚೆನೇ ಬಂದು ನಿಂತಿರ್ತಾಳೆ."