ಮುನಿಚೌಡಪ್ಪನವರ ಖಾಲಿ ಕೋವಿ

ಪದ್ಮನಾಭನಗರದ ನಮ್ಮ ಮನೆ ಓನರ್ ಮುನಿಚೌಡಪ್ಪನವರು ಕೊಡೆಯ ತುದಿಯನ್ನೂ ಯಾರ ಕಡೆಗೂ ತಿರುಗಿಸುವವರಲ್ಲ. ಟಿವಿ ರಿಮೋಟ್ ಒತ್ತುವ ಮುಂಚೆ ಎದುರಿಗಿರುವವರನ್ನು ಪಕ್ಕಕ್ಕೆ ಸರಿಸುತ್ತಾರೆ. ಆಯುಧಪೂಜೆಗೆ ಕೋವಿ ಹೊರಬಂದರಂತೂ ಕೇಳಲೇಬೇಡಿ. ನಳಿಗೆಯನ್ನು ಗೋಡೆಯ ಕಡೆಗೆ ಹಿಡಿದು, ತೋಟಾಗಳನ್ನೆಲ್ಲ ತೆಗೆದು, ಒಳಗೆ ಬೆರಳಿಟ್ಟು ನೋಡಿ, ಎಣ್ಣೆ ಬಟ್ಟೆಯಲ್ಲಿ ಒರೆಸಿ, ಮತ್ತೆ ಬೆರಳಿಡುತ್ತಾರೆ. “ಈಗ್ತಾನೆ ನೋಡಿದ್ರಲ್ಲ ಸಾರ್?” ಎಂದೆ. “ಇದು ಆಟೋಮ್ಯಾಟಿಕ್ ಕಣಪ್ಪ. ಒಂದು ಹಾರಿದ್ರೆ ಇನ್ನೊಂದು ತಾನೇ ಬಂದು ಕೂತಿರತ್ತೆ. ಖಾಲಿ ಅಂತ ನಾನೇ ಹೇಳಿದ್ರೂ ನಂಬಬೇಡ.” ಕೋವಿ ಒರೆಸುವ ಆ ಕೋಣೆಗೆ ವರ್ಷವರ್ಷವೂ ಬಣ್ಣ ಹೊಡೆಸುವ ಅವರು, ಗೋಡೆಯಲ್ಲಿ ಚರೆ ಹೊಕ್ಕ ತೂತುಗಳನ್ನು ಮಾತ್ರ ಮುಚ್ಚಿಸಿಲ್ಲ. ಏಕೆಂದು ಕೇಳಿದೆ. ಅವರು ಒರೆಸುತ್ತಲೇ ಇದ್ದರು. ಕುಂಕುಮದ ಬಟ್ಟಲು ತಂದ ಮಗಳು ವನಜ ನಕ್ಕು ಹೇಳಿದಳು: “ಅಪ್ಪ ಖಾಲಿ ಅಂತ ನಂಬಿದ್ದ ದಿನ, ಆ ತೂತುಗಳ ಕೆಳಗೇ ನನ್ನ ತೊಟ್ಟಿಲಿತ್ತಂತೆ.”