ಸೋದರಮಾವ ಸಹಿ ಮಾಡಿದ ವರ್ಗಾವಣೆ

ನನ್ನ ಸೋದರಮಾವ ಒಂದು ಅವಧಿ ಆರೋಗ್ಯ ಖಾತೆಯ ಉಪಮಂತ್ರಿಯಾಗಿದ್ದರು. ಅದಕ್ಕೆ ಮೊದಲು ನಮ್ಮೂರು ಶಿಡ್ಲಘಟ್ಟದಲ್ಲಿ ವಕೀಲರಾಗಿದ್ದರು. ಅದಕ್ಕೂ ಮೊದಲು ಸ್ವಾತಂತ್ರ್ಯ ಚಳವಳಿಯಲ್ಲಿ ಕೆಲವು ತಿಂಗಳು ಜೈಲಿನಲ್ಲಿದ್ದವರು. ಹೆತ್ತವರನ್ನು ಬೇಗ ಕಳೆದುಕೊಂಡ ನಮ್ಮಮ್ಮನನ್ನು ಸಾಕಿ, ತಾಲ್ಲೂಕು ಕಚೇರಿಯ ಗುಮಾಸ್ತರಾಗಿದ್ದ ನಮ್ಮಪ್ಪನಿಗೆ ಧಾರೆಯೆರೆದು ಕೊಟ್ಟವರೂ ಅವರೇ. ಅತ್ತೆಯನ್ನು ನಾನು ನೋಡಲೇ ಇಲ್ಲ. ಚೊಚ್ಚಲ ಹೆರಿಗೆಯಲ್ಲಿ ಮಗುವಿನ ಸಮೇತ ತೀರಿಕೊಂಡರಂತೆ. ಮಾವ ಮತ್ತೆ ಮದುವೆಯಾಗಲಿಲ್ಲ. ನಮ್ಮಕ್ಕ ಮತ್ತು ನಾನು, ಇಬ್ಬರೇ ಅವರಿಗೆ ಮಕ್ಕಳಂತಿದ್ದೆವು.

ಚುನಾವಣೆಗೆ ನಿಂತಾಗ ಮಾವ ಸೈಕಲ್ಲಿನಲ್ಲಿ ಹಳ್ಳಿ ಹಳ್ಳಿ ಸುತ್ತಿದರು. ಗಂಡಸರ ಮುಂದೆ ಕೆರೆ, ರಸ್ತೆ, ಶಾಲೆ ಎಂದು ಗಂಟೆಗಟ್ಟಲೆ ಮಾತನಾಡುತ್ತಿದ್ದವರು ಹೆಂಗಸರು ಎದುರಾದರೆ ಹೇಳುತ್ತಿದ್ದುದು ಒಂದೇ ಮಾತು. "ಲೇಡಿ ಡಾಕ್ಟರನ್ನ ತರ್ತೀನಿ ಕಣಮ್ಮಾ. ಇನ್ನು ಮುಂದೆ ಹೆರಿಗೆ ನೋವಿಗೆ ಯಾರೂ ಹೋಗಬಾರ್ದು." ತೆಲುಗಿನವರ ಊರಲ್ಲಿ ತೆಲುಗಿನಲ್ಲಿ ಅದನ್ನೇ ಹೇಳುತ್ತಿದ್ದರು. ಗೆದ್ದರು. ಕೆಲವು ತಿಂಗಳಿಗೆ ಮಂತ್ರಿಮಂಡಲಕ್ಕೂ ಸೇರಿದರು. ಬಾವುಟ ಕಟ್ಟಿದ ಕಾರು ಮೊದಲ ಸಲ ನಮ್ಮ ಬೀದಿಗೆ ಬಂದ ದಿನ ಅಮ್ಮ ಕೆಂಪು ನೀರಿನ ಆರತಿ ಎತ್ತಿ, ದೃಷ್ಟಿ ತೆಗೆದು, ಆಮೇಲೆ ಒಳಗೆ ಹೋಗಿ ಅತ್ತಳು. ಸಂತೋಷಕ್ಕೆ ಅತ್ತಿದ್ದು.

ಕೊಟ್ಟ ಮಾತಿನಂತೆ ಊರಿಗೆ ಲೇಡಿ ಡಾಕ್ಟರು ಬಂದರು. ದಕ್ಷಿಣ ಕನ್ನಡದ ಕಡೆಯವರು, ಇನ್ನೂ ಮೂವತ್ತಾಗಿರಲಿಲ್ಲ. ರೇಷ್ಮೆ ನೂಲು ತೆಗೆಯುವ ಹೆಂಗಸರು ಬಿಸಿನೀರಲ್ಲಿ ಬೆಂದ ಬೆರಳುಗಳನ್ನೂ ಅವರಿಗೇ ತೋರಿಸುತ್ತಿದ್ದರು. ಬುರ್ಖಾ ತೊಟ್ಟವರು, ಗೌಡರ ಮನೆಯವರು, ಎಲ್ಲರೂ ಒಂದೇ ಬೆಂಚಿನ ಮೇಲೆ ಕಾಯುತ್ತಿದ್ದರು. ಮದುವೆಯಾಗಿದ್ದ ಅಕ್ಕ ಬಸುರಿಯಾಗಿ ತವರಿಗೆ ಬಂದಾಗ ಅವಳನ್ನೂ ಅಲ್ಲಿಗೇ ಕರೆದುಕೊಂಡು ಹೋಗುತ್ತಿದ್ದೆವು.

ಆ ವರ್ಷವೇ ಒಂದು ಭಾನುವಾರ ಗೌರಿಬಿದನೂರಿನ ಕಡೆಯಿಂದ ನಾಲ್ಕಾರು ಜನ ಮಾವನನ್ನು ನೋಡಲು ನಮ್ಮ ಮನೆಗೆ ಬಂದರು. ನನಗಾಗ ಹದಿಮೂರು. ಕಾಫಿ ಲೋಟಗಳನ್ನು ಹಂಚುತ್ತಿದ್ದೆ. ಉಳಿದವರೆಲ್ಲ ಅರ್ಜಿ ಕೊಟ್ಟು ಕೈಮುಗಿದು ನಿಂತರು. ಅವರಲ್ಲಿ ಒಬ್ಬ ಮುದುಕ ಮಾತ್ರ ಕೂತಲ್ಲಿಂದ ಏಳಲಿಲ್ಲ.

"ಸ್ವಾಮಿ, ನಿಮ್ಮೂರ ಹೆಣ್ಮಕ್ಕಳು ಮಾತ್ರಾನಾ ಹೆರೋದು?" ಎಂದ. "ನನ್ನ ಸೊಸೆ ಮೂರು ದಿವಸ ನರಳಿ ಹೋದ್ಲು. ನೀವು ಮಂತ್ರಿ ಅಂತಾರೆ. ಯಾರಿಗೆ ಮಂತ್ರಿ?"

ಜೊತೆಯವರು ಅವನ ಬಾಯಿ ಮುಚ್ಚಿಸಲು ನೋಡಿದರು. ಮಾವ ಅವರನ್ನು ತಡೆದರು. ಮಾವನ ಕೈಯಲ್ಲಿದ್ದ ಕಾಫಿ ಹಾಗೇ ಆರಿಹೋಯಿತು.

ಮುಂದಿನ ತಿಂಗಳು ಲೇಡಿ ಡಾಕ್ಟರಿಗೆ ಗೌರಿಬಿದನೂರಿಗೆ ವರ್ಗವಾಯಿತು. ಅಕ್ಕನಿಗೆ ಆಗ ಏಳು ತಿಂಗಳು. ಅಮ್ಮ ಅಣ್ಣನ ಎದುರು ನಿಂತು ಕೇಳಿದ್ದು ಅದೇ ಮೊದಲು.

"ಅಣ್ಣಯ್ಯಾ, ಎರಡೇ ತಿಂಗಳು. ಇವಳದ್ದೊಂದು ಆಗ್ಲಿ, ಆಮೇಲೆ ಕಳಿಸು."

"ಇನ್ನೊಬ್ರಿಗೆ ಆರ್ಡರ್ ಆಗಿದೆ ಕಣಮ್ಮಾ. ಹದಿನೈದು ದಿನದಲ್ಲಿ ಬರ್ತಾರೆ. ಅಲ್ಲಿ ಒಬ್ರೂ ಇಲ್ಲ."

"ಅವರು ಬಂದ ಮೇಲೆ ಇವರನ್ನ ಕಳಿಸಿದ್ರೆ ಏನಾಗ್ತದೆ?"

ಮಾವ ಹೇಳಿದರು. "ನಮ್ಮ ಮನೆ ಹುಡುಗಿಗೋಸ್ಕರ ಇಟ್ಕೊಂಡ ಅಂದ್ರೆ ಜನ ಏನಂತಾರೆ?"

ಬರಬೇಕಾದವರು ಬರಲಿಲ್ಲ. ಮೊದಲು ರಜೆ ಹಾಕಿದರು, ಆಮೇಲೆ ಕೆಲಸವನ್ನೇ ಬಿಟ್ಟರಂತೆ. ಮಾವ ಮತ್ತೊಬ್ಬರಿಗಾಗಿ ಬರೆದರು, ಓಡಾಡಿದರು. ಅಷ್ಟರಲ್ಲಿ ಅಕ್ಕನಿಗೆ ದಿನ ತುಂಬುವ ಮೊದಲೇ ನೋವು ಕಾಣಿಸಿತು.

ಬೆಳಿಗ್ಗೆ ಹತ್ತರ ಹೊತ್ತು. ಸೂಲಗಿತ್ತಿ ಅಜ್ಜಿ ಅರ್ಧ ಗಂಟೆ ನೋಡಿದವಳೇ ಹೊರಗೆ ಬಂದು ಅಪ್ಪನಿಗೆ, "ನನ್ನ ಕೈಲಿ ಆಗೋದಲ್ಲ ಸಾಮೀ, ಚಿಕ್ಕಬಳ್ಳಾಪುರಕ್ಕೆ ಕರ್ಕೊಂಡು ಹೋಗಿ" ಎಂದಳು. ಊರ ಆಸ್ಪತ್ರೆಯ ಗಂಡಸು ಡಾಕ್ಟರು ಅಂದು ಹಳ್ಳಿಯ ಕಡೆ ಹೋಗಿದ್ದರು. ರೇಷ್ಮೆಗೂಡು ಸಾಗಿಸುವ ಸಾಹೇಬರೊಬ್ಬರು ವ್ಯಾನಿನಲ್ಲಿದ್ದ ಬುಟ್ಟಿಗಳನ್ನೆಲ್ಲ ಬೀದಿಯಲ್ಲೇ ಇಳಿಸಿ, ಹಾಸಿಗೆ ಹಾಸಿಕೊಟ್ಟು, ತಾವೇ ಓಡಿಸಿದರು. ನಾನು ಅಕ್ಕನ ತಲೆಯ ಹತ್ತಿರ ಕೂತಿದ್ದೆ. ವ್ಯಾನಿನ ತುಂಬ ಗೂಡಿನ ವಾಸನೆ. ಅಕ್ಕ ನನ್ನ ಕೈ ಹಿಡಿದುಕೊಂಡು, "ಕಿಟಕಿ ತೆಗಿಯೇ" ಎಂದಳು. ಅದಕ್ಕೆ ಕಿಟಕಿಯೇ ಇರಲಿಲ್ಲ. ಲಂಗದ ಅಂಚಿನಿಂದ ಗಾಳಿ ಹಾಕಿದೆ. ಚಿಕ್ಕಬಳ್ಳಾಪುರದ ಬೆಟ್ಟಗಳು ಎದುರಿಗೆ ಕಾಣಿಸುತ್ತಿದ್ದ ಹಾಗೆ ಅವಳ ಹಿಡಿತ ಸಡಿಲವಾಯಿತು. ನೋವು ಕಡಿಮೆಯಾಗಿ ನಿದ್ದೆ ಬಂತೆಂದುಕೊಂಡೆ. ಅಮ್ಮನಿಗೆ ಹಾಗೆಂದೇ ಹೇಳಿದೆ ಕೂಡ. ಮಗುವೂ ಉಳಿಯಲಿಲ್ಲ.

ಸಂಜೆ ಮಾವನ ಕಾರು ಬಂತು. ಬಾವುಟವನ್ನು ದಾರಿಯಲ್ಲೇ ಬಿಚ್ಚಿಸಿದ್ದರು. ಅವರು ನಡುಮನೆಗೆ ಬಂದು ಅಕ್ಕನ ಪಾದದ ಹತ್ತಿರ ನೆಲದ ಮೇಲೆ ಕುಸಿದು ಕೂತರು. ಅಮ್ಮ ಅಲ್ಲಿಯವರೆಗೂ ಒಂದು ಹನಿ ಕಣ್ಣೀರು ಹಾಕಿರಲಿಲ್ಲ.

"ಇನ್ನು ಜನ ಏನೂ ಅನ್ನಲ್ಲ ಬಿಡಣ್ಣಯ್ಯಾ" ಎಂದಳು.

ಅದಾದ ಮೇಲೆ ಅಮ್ಮ ಅವರೊಡನೆ ಮಾತನಾಡಲಿಲ್ಲ. ಗೌರಿ ಹಬ್ಬಕ್ಕೆ ಮಾವ ತವರಿನ ಬಾಗಿನ ಕಳಿಸುತ್ತಿದ್ದರು. ಅಮ್ಮ ಅದನ್ನು ಹಿಂದಿರುಗಿಸುತ್ತಿರಲಿಲ್ಲ. ಸೀರೆಯನ್ನು ಮಾತ್ರ ಉಡುತ್ತಿರಲಿಲ್ಲ.

ಮಾವ ರಾಜೀನಾಮೆ ಕೊಡುತ್ತಾರೆ ಎಂದು ಕೆಲವರು ಹೇಳಿಕೊಂಡರು. ಕೊಡಲಿಲ್ಲ. ಅವಧಿ ಮುಗಿಯುವವರೆಗೂ ಇದ್ದು, ತಾಲ್ಲೂಕಿಗೊಬ್ಬರು ಲೇಡಿ ಡಾಕ್ಟರು ಬೇಕೆಂದು ಕಡತಗಳ ಹಿಂದೆ ಬಿದ್ದಿದ್ದರು. ಮುಂದಿನ ಚುನಾವಣೆ ಬಂದಾಗ ಚಿಂತಾಮಣಿಯ ಸಂತೆ ಮೈದಾನದಲ್ಲಿ ಒಂದು ಸಭೆ. ಅಪ್ಪನ ಜೊತೆ ನಾನೂ ಹೋಗಿದ್ದೆ. ಮಾವನ ಪರವಾಗಿ ಮಾತನಾಡಲು ನಿಂತ ಪಕ್ಷದ ಮುಖಂಡರೊಬ್ಬರು ದನಿ ಏರಿಸಿ, "ಇಂಥ ತ್ಯಾಗಿ ಎಲ್ಲಾದ್ರೂ ಇದ್ದಾರಾ? ನಿಮ್ಮ ಹೆಣ್ಣುಮಕ್ಕಳಿಗೋಸ್ಕರ ಸ್ವಂತ ತಂಗಿ ಮಗಳನ್ನೇ ಬಲಿ ಕೊಟ್ಟ ಮಹಾನುಭಾವ!" ಎಂದರು. ಜನ ಚಪ್ಪಾಳೆ ತಟ್ಟಿದರು.

ಮಾವ ಕುರ್ಚಿಯಿಂದ ಎದ್ದು ಬಂದು ಮೈಕಿನ ಮುಂದೆ ನಿಂತರು. "ನಾನು ಯಾರನ್ನೂ ಕೊಡ್ಲಿಲ್ಲ. ಕೊಡೋಕೆ ಅವಳು ನನ್ನ ವಸ್ತು ಅಲ್ಲ. ತಪ್ಪಾಯ್ತು ಅಷ್ಟೇ. ಅದಕ್ಕೆ ಚಪ್ಪಾಳೆ ಹೊಡೀಬೇಡಿ" ಎಂದರು. ಕೆಳಗಿಳಿದು, ತರಕಾರಿ ಗಾಡಿಗಳ ನಡುವೆ ನಡೆದುಕೊಂಡು ಹೋಗಿಬಿಟ್ಟರು. ಅಪ್ಪ ಹಿಂದೆ ಓಡಿದರು. ನಾನು ಅಲ್ಲೇ ನಿಂತು ಅತ್ತೆ. ಆ ಚುನಾವಣೆಯಲ್ಲಿ ಮಾವ ಸೋತರು. ಮನೆಯವರ ಮಾತನ್ನೇ ಕೇಳದವನು ನಮ್ಮ ಮಾತು ಕೇಳುತ್ತಾನೆಯೇ ಎಂದು ನಮ್ಮೂರಿನವರೇ ಆಡಿಕೊಂಡಿದ್ದರು.

ಆಮೇಲೆ ಅವರು ಚಿಕ್ಕಬಳ್ಳಾಪುರದಲ್ಲಿ ಬಾಡಿಗೆ ಮನೆ ಹಿಡಿದು ಮತ್ತೆ ಕರಿಕೋಟು ತೊಟ್ಟರು. ನಾನು ಓದು ಮುಗಿಸಿ ಶಾಲೆಯಲ್ಲಿ ಮೇಡಂ ಆದೆ. ನನ್ನ ಪುಣ್ಯವೋ ಕರ್ಮವೋ, ಗೌರಿಬಿದನೂರಿಗೇ ಕೆಲಸವಾಯಿತು. ಒಂದನೇ ತರಗತಿಗೆ ಮಗಳನ್ನು ಸೇರಿಸಲು ಬಂದ ಒಬ್ಬಾಕೆ ಮಾತಿನ ನಡುವೆ, "ಇದು ಅಡ್ಡ ಬಿದ್ದಿತ್ತು ಮೇಡಂ. ಲೇಡಿ ಡಾಕ್ಟರು ಆಗತಾನೆ ಬಂದಿದ್ರು. ಇಲ್ದಿದ್ರೆ ನಾನೂ ಇಲ್ಲ, ಇದೂ ಇಲ್ಲ" ಎಂದಳು. ನಾನು ಆ ಹುಡುಗಿಯ ಹುಟ್ಟಿದ ತಿಂಗಳು, ವರ್ಷಗಳನ್ನು ರಿಜಿಸ್ಟರಿನಲ್ಲಿ ಬರೆಯುತ್ತಿದ್ದೆ. ಅದು ಅಕ್ಕ ಹೋದ ತಿಂಗಳು.

ರಜೆಗೆ ಹೋದಾಗ ಅಮ್ಮನಿಗೆ ಹೇಳಿದೆ. ಸಮಾಧಾನವಾದೀತು ಎಂಬ ಪೆದ್ದು ಆಸೆ ನನಗೆ.

"ಆ ಮಗು ನೂರ್ಕಾಲ ಬಾಳ್ಲಿ" ಎಂದಳು ಅಮ್ಮ. "ಆದ್ರೆ ಅದರ ಲೆಕ್ಕಕ್ಕೆ ನನ್ನ ಮಗಳನ್ನ ಸೇರಿಸ್ಬೇಡ ಕಣೇ."

ಮಾವನಿಗೂ ಹೇಳಿದೆ. ಅವರು ಕನ್ನಡಕ ತೆಗೆದು ಬಹಳ ಹೊತ್ತು ಒರೆಸುತ್ತ ಕೂತು, "ಚೆನ್ನಾಗಿ ಓದ್ತದಾ?" ಎಂದು ಕೇಳಿದರು. ಓದುತ್ತಾಳೆ ಎಂದೆ.

ಮರುವರ್ಷ ಅವರಿಗೆ ಲಕ್ವ ಹೊಡೆದು ಬಲಗೈಯೂ ಮಾತೂ ನಿಂತುಹೋದವು. ಸುದ್ದಿ ಕೇಳಿದ ಅಮ್ಮ ಸೀರೆ ಬದಲಿಸಿ ನನ್ನ ಜೊತೆ ಬಸ್ಸು ಹತ್ತಿದಳು. ಮಾವ ಗೋಡೆಗೆ ಒರಗಿ ಕೂತಿದ್ದರು. ತಂಗಿಯನ್ನು ಕಂಡು ತುಟಿ ಅಲುಗಿಸಿದರು. ಏನೂ ಹೊರಡಲಿಲ್ಲ. ಅಮ್ಮ ಬಾಗಿಲಲ್ಲೇ ಸ್ವಲ್ಪ ಹೊತ್ತು ನಿಂತಿದ್ದು, ಹತ್ತಿರ ಹೋಗಿ ಕೂತಳು.

"ಊಟ ಮಾಡಿದ್ಯಾ ಅಣ್ಣಯ್ಯಾ?"

ಅಷ್ಟು ವರ್ಷಗಳ ಮೇಲೆ ಅವಳು ಆಡಿದ ಮೊದಲ ಮಾತು. ಅವರು ಅವಳನ್ನೇ ನೋಡುತ್ತಿದ್ದರು. ಅಮ್ಮ ಎದ್ದು ಅಡಿಗೆಮನೆಗೆ ಹೋಗಿ ರಾಗಿ ಗಂಜಿ ಕಾಯಿಸಿ ತಂದು ಚಮಚದಿಂದ ಕುಡಿಸತೊಡಗಿದಳು. ಗಲ್ಲದ ಮೇಲೆ ಇಳಿದದ್ದನ್ನು ಸೆರಗಿನಿಂದ ಒರೆಸುತ್ತಿದ್ದಳು. ಅಕ್ಕನ ಮಾತು ಇಬ್ಬರ ನಡುವೆ ಬರಲಿಲ್ಲ, ಬರುವಂತೆಯೂ ಇರಲಿಲ್ಲ. ಹನ್ನೊಂದು ದಿನ ಅಮ್ಮ ಅಲ್ಲೇ ಉಳಿದಳು. ಹನ್ನೆರಡನೆಯ ದಿನ ಬೆಳಿಗ್ಗೆ, ಅವಳು ಬಾವಿಯ ಹತ್ತಿರ ಇದ್ದಾಗ, ಮಾವ ಹೋದರು.