ಚಿಕ್ಕಮ್ಮನ ಪಕ್ಕ ಕೂತು ಮಲತಾಯಿ ಸಿನಿಮಾ

ಕಳೆದ ಭಾನುವಾರ ಸಿನಿಮಾಕ್ಕೆ ಹೋಗಿದ್ದೆ. ಇಂಟರ್‌ವೆಲ್‌ಗೂ ಮುಂಚೆ ಎದ್ದು ಓಡಿಹೋಗಬೇಕು ಅನ್ನಿಸಿತು. ಸಿನಿಮಾ ಕೆಟ್ಟದಾಗಿತ್ತು ಅಂತಲ್ಲ, ಪಕ್ಕದಲ್ಲಿ ಕೂತವರನ್ನು ನೆನೆದು!

ದೊಡ್ಡಬಳ್ಳಾಪುರದಲ್ಲಿ ನಮ್ಮ ಎದುರು ಮನೆಯ ಸರೋಜಮ್ಮ ಮನೆಯಲ್ಲೇ ಪವರ್‌ಲೂಮ್ ಇಟ್ಟುಕೊಂಡು ಸೀರೆ ನೇಯುತ್ತಾರೆ. ಕಾವ್ಯ ಅವರ ಗಂಡನ ಮೊದಲ ಹೆಂಡತಿಯ ಮಗಳು. ಹೆತ್ತ ತಾಯಿ ತೀರಿಕೊಂಡಾಗ ಅವಳಿಗೆ ಒಂಬತ್ತು ವರ್ಷ. ಮರುವರ್ಷ ಸರೋಜಮ್ಮ ಆ ಮನೆಗೆ ಬಂದರು. ಹುಡುಗಿಗೆ ಈಗ ಬಿ.ಕಾಂ. ಕೊನೇ ವರ್ಷ. ಟಿಕೆಟ್ ಬುಕ್ ಮಾಡಿ ನಮ್ಮಿಬ್ಬರನ್ನೂ ಕರೆದುಕೊಂಡು ಹೋದವಳು ಅವಳೇ. ಕಥೆ ಏನು ಅಂತ ಮಾತ್ರ ಬಾಯಿ ಬಿಡಲಿಲ್ಲ.

ನೋಡಿದರೆ, ಮಲತಾಯಿ ಕಥೆ!

ನಾವು ನೋಡಿ ಬೆಳೆದ ಮಲತಾಯಂದಿರು ನೆನಪಿದ್ದಾರಲ್ಲ? ಹೊಸ್ತಿಲು ದಾಟಿದ ಕೂಡಲೇ ಹಿನ್ನೆಲೆ ಸಂಗೀತವೇ ಬದಲಾಗುತ್ತಿತ್ತು. ಮಗುವಿಗೆ ತಂಗಳು, ಗಂಡನ ಮುಂದೆ ಕಣ್ಣೀರು. (ಅಕಸ್ಮಾತ್ ಒಳ್ಳೆಯವಳಾದರೆ ಕ್ಲೈಮ್ಯಾಕ್ಸ್‌ನಲ್ಲಿ ಸಾಯಲೇಬೇಕು!) ಇದರಲ್ಲಿ ಹಾಗಿರಲಿಲ್ಲ. ಈ ಮಲತಾಯಿ ತಡವರಿಸುತ್ತಾಳೆ, ಸಿಟ್ಟಾಗುತ್ತಾಳೆ, ಹುಡುಗಿಯ ರೂಮಿನ ಬಾಗಿಲು ತಟ್ಟಲೋ ಬೇಡವೋ ಅಂತ ನಿಂತುಬಿಡುತ್ತಾಳೆ. ಬೆರಗಾದೆ. ನಮ್ಮ ಸಿನಿಮಾ ಎಷ್ಟು ದೂರ ಬಂದಿದೆ!

ಅಷ್ಟರಲ್ಲಿ ತೆರೆಯ ಮೇಲಿನ ಹುಡುಗಿ ಚೀರಿದಳು: "ನೀನೇನ್ ನನ್ನ ಹೆತ್ತಿದ್ಯಾ?"

ಓಡಿಹೋಗಬೇಕು ಅನ್ನಿಸಿದ್ದು ಆಗಲೇ.

ಕಾವ್ಯ ಕತ್ತಲಲ್ಲೇ ಸರೋಜಮ್ಮನ ಕಡೆ ಬಗ್ಗಿದಳು. "ಚಿಕ್ಕಮ್ಮ, ನಾನೂ ಒಂದಿನ ಹಿಂಗೇ ಅಂದಿದ್ದೆ. ನಿಂಗೆ ಕೇಳಿಸಿತ್ತಾ?"

"ಕೇಳಿಸ್ತು ಕಣೇ."

"ಮತ್ತೆ, ಮಗ್ಗದ ಸದ್ದಲ್ಲಿ ಏನೂ ಕೇಳಿಸ್ಲಿಲ್ಲ, ಊಟಕ್ಕೆ ಬಾ ಅಂದ್ಯಲ್ಲ?"

"ಕೇಳಿಸ್ತು ಅಂದಿದ್ರೆ ಆಮೇಲೆ ನೀನು ನನ್ ಮುಖ ಹೆಂಗ್ ನೋಡ್ತಿದ್ದೆ?"

ಕಾವ್ಯ ಚಿಕ್ಕಮ್ಮನ ಭುಜಕ್ಕೆ ಒರಗಿದವಳು ಸಿನಿಮಾ ಮುಗಿಯುವವರೆಗೂ ತಲೆ ಎತ್ತಲಿಲ್ಲ.

ಕೊನೆಯಲ್ಲಿ ತೆರೆಯ ಹುಡುಗಿ "ಅಮ್ಮಾ" ಅಂದಳು. ಥಿಯೇಟರ್ ತುಂಬಾ ಚಪ್ಪಾಳೆ. ನಾನೂ ಕಣ್ಣೊರೆಸಿಕೊಂಡೆ. ಹೊರಗೆ ಬಂದ ಮೇಲೆ, ಕಾವ್ಯ ಆಟೊ ಹುಡುಕಲು ಹೋದಾಗ, ತಡೆಯಲಾರದೆ ಕೇಳಿದೆ: "ಇವ್ಳೂ ಒಂದ್ಸಲ ಅಮ್ಮ ಅನ್ಲಿ ಅಂತ ನಿಮ್ಗೆ ಅನ್ಸಲ್ವಾ, ಸರೋಜಮ್ಮ?"

"ಮೊದ್ಮೊದ್ಲು ಅನ್ಸೋದು. ಆದ್ರೆ ಅದು ಅವ್ಳಮ್ಮನ ಹೆಸ್ರಲ್ವಾ ಅಕ್ಕ? ಪಾಪ, ಸತ್ತೋದವ್ರಿಗೆ ಅಂತ ಉಳ್ದಿರೋದು ಅದೊಂದೇ. ಅದನ್ನೂ ನಾನ್ಯಾಕೆ ಕಿತ್ಕೊಳ್ಲಿ?"

ಸಿನಿಮಾ ಬದಲಾಗಿದೆ, ಒಪ್ಪಿದೆ. ಆದರೆ ಈ ಡೈಲಾಗ್ ಬರೆಯುವಷ್ಟು ಬದಲಾಗಿದೆಯಾ?